ಪಟಿಕ ಅರಳುವ ಹೊತ್ತು

ಕಂಕುಳಿಗೆ ಹಚ್ಚುವ ಪುಡಿಗೆ ಏನೇನು ಎಷ್ಟೆಷ್ಟು
ಎಂದು ಕೇಳಿದರೆ ನನ್ನಲ್ಲಿ ಲೆಕ್ಕವಿಲ್ಲ.
ಸಂತೆ ಏಳುವ ಹೊತ್ತಿಗೆ ಚೌಕಾಸಿ ಮಾಡಿ ತಂದ
ಮುಷ್ಟಿಯಷ್ಟು ಪಟಿಕ;
ಮಂಜುಗಡ್ಡೆಯ ಹಾಗಿದೆ, ಕೈಗೆ ಮಾತ್ರ ಕರಗುವುದಿಲ್ಲ.
ಮೆಕ್ಕೆಜೋಳದ ಬಿಳಿ ಹಿಟ್ಟು.
ನೆರಳಲ್ಲಿ ಒಣಗಿ ಸುರುಟಿದ ಕಲಮನ್ಸಿ ಸಿಪ್ಪೆ.
ಮತ್ತೆ ಈ ಬಾಣಲೆ.
ಮರಿಕಿನಾ ನದಿ ಮನೆಯೊಳಗೇ ಬಂದ ವರ್ಷ
ಮಂಚ ಹೋಯಿತು, ಹೊಲಿಗೆ ಯಂತ್ರ ಹೋಯಿತು,
ಇದೊಂದು ಕೆಸರಲ್ಲಿ ಬೋರಲು ಬಿದ್ದು
ಆಮೆಯ ಹಾಗೆ ನಮಗೆ ಕಾದಿತ್ತು.

ಕಳೆದ ಮಂಗಳವಾರ ಮಾಯುಮಿ
ಶಾಲೆಯಿಂದ ಬಂದವಳು ಚೀಲ ಇಳಿಸಲಿಲ್ಲ.
ತೋಳೆರಡನ್ನೂ ಪಕ್ಕೆಗೆ ಒತ್ತಿ ನಿಂತಳು,
ರೆಕ್ಕೆ ಕಟ್ಟಿ ಮಾರಲು ಇಟ್ಟ ಕೋಳಿಯ ಹಾಗೆ.
ಯಾರು ಅಂದರು, ಹೇಳಲಿಲ್ಲ.
ಏನು ಅಂದರು, ಹೇಳಲಿಲ್ಲ.
ಬೆಂಚಿನ ತುದಿಗೆ ಸರಿದು ಕೂತವಳ ಹೆಸರು
ರಾತ್ರಿ ನಿದ್ದೆಯಲ್ಲಿ ಬಂತು: ಫ್ಲೋರಿಬೆಲ್.

ಇಡೀ ತರಗತಿಗೆ ಗೊತ್ತಾದದ್ದು
ಪಕ್ಕದಲ್ಲೇ ಮಲಗುವ ನನಗೆ ಗೊತ್ತಾಗಲಿಲ್ಲ.
ಹತ್ತೊಂಬತ್ತು ವರ್ಷ ಬೂಟಿನ ಅಟ್ಟೆಗೆ ಅಂಟು ಬಳಿದಿದ್ದೇನೆ;
ನನ್ನ ಮೂಗು ಎಂದೋ ಸಂಬಳಕ್ಕೆ ಜಮೆಯಾಗಿದೆ.
ಮೀನು ಕೆಟ್ಟಿದೆಯೇ ಎಂದು ಪಕ್ಕದ ಮನೆಯ
ಅಲಿಂಗ್ ಚಾಯೊಂಗಳನ್ನು ಕರೆಯುತ್ತೇನೆ.

ಅವಳೇ ಹೇಳಿದ್ದು, ಸೋಡಾ ಪುಡಿ, ತೆಂಗಿನೆಣ್ಣೆ.
ಹಚ್ಚಿದೆವು. ಅರ್ಧ ಗಂಟೆ ಸುಮ್ಮನಿದ್ದಳು ಹುಡುಗಿ.
ಆಮೇಲೆ ಮೆಣಸು ಅರೆದ ಕೈ ತಾಗಿದ ಹಾಗೆ ಉರಿ, ಕೆಂಪು,
ಬೀಸಣಿಗೆ ಹಿಡಿದು ಬೆಳಗಿನವರೆಗೆ ನಾನು.
ಸೋಡಾ ಮರುದಿನ ಇಡ್ಲಿಯಂಥ ನಮ್ಮ ಪುತೊಗೆ ಹೋಯಿತು.

ಆಗ ನೆನಪಾದದ್ದು ಅಜ್ಜಿ ಪಸ್ಯಾ.
ಕೇರಿಯಲ್ಲಿ ಯಾರ ಮಗುವಿಗೆ ಜ್ವರ ಬಂದರೂ
ಪಟಿಕದ ತುಂಡನ್ನು ಹಣೆಗೆ, ಎದೆಗೆ ಸವರಿ
ಕರಟದ ಕೆಂಡಕ್ಕೆ ಹಾಕುವಳು.
ಅದು ಬೆವರಿ, ಗುಳ್ಳೆಯೆದ್ದು, ಅರಳಿ ನಿಂತ ಆಕಾರ ನೋಡಿ:
‘ಹುತ್ತದ ಮುದುಕನಿಗೆ ಸಿಟ್ಟು ಬಂದಿದೆ,
ದಾಟುವಾಗ ದಾರಿ ಕೇಳಲಿಲ್ಲವಲ್ಲ ನೀವು.’
ಓದಿ ಮುಗಿದ ಪಟಿಕವನ್ನು ಕುಟ್ಟಿ
ತನ್ನ ಕಂಕುಳಿಗೇ ಹಚ್ಚಿಕೊಳ್ಳುವಳು.
‘ಊರವರ ಭವಿಷ್ಯ, ದಂಡ ಮಾಡಬಾರದು.’

ಇವತ್ತು ಬಾಣಲೆ ಕಾಯಿತು.
ಕಲ್ಲು ಮೊದಲು ತನ್ನ ನೀರಲ್ಲಿ ತಾನೇ ನೆನೆಯಿತು,
ಕೊತಕೊತ ಎಂದಿತು, ಬೆಳ್ಳಗೆ ಉಬ್ಬಿತು,
ತಣ್ಣಗಾದರೆ ಬೆರಳಿಗೆ ಪುಡಿಯಾಗುವಷ್ಟು ಹಗುರ.
ಅಷ್ಟು ಹೊತ್ತೂ ದೂರ ಕೂತಿದ್ದವಳು
ಮೆಲ್ಲಗೆ ಬಂದು ಬಗ್ಗಿದಳು.

‘ಏನು ಕಾಣುತ್ತೆ, ಅಮ್ಮ?’

ನನಗೆ ಕಂಡದ್ದು ಬೂಟು. ಇನ್ನೇನು ಕಂಡೀತು.
ಎಡಗಾಲಿನದು, ಹಿಮ್ಮಡಿ ಸವೆದದ್ದು.
‘ನಿನಗೆ?’ ಎಂದೆ.
ತಲೆ ಓರೆ ಮಾಡಿ ನೋಡಿದಳು, ಬಹಳ ಹೊತ್ತು,
ಅಜ್ಜಿಯ ಹಾಗೆಯೇ ಕೆಳತುಟಿ ಕಚ್ಚಿ.
‘ಫ್ಲೋರಿಬೆಲ್ಲಳ ಮೂಗು.’

ಕುಟ್ಟಾಣಿಯನ್ನು ಅವಳ ಕೈಗೆ ಕೊಟ್ಟೆ.

ಆ ಪೆಟ್ಟುಗಳ ಸದ್ದಿಗೆ ಚಾಯೊಂಗ್ ಕಿಟಕಿ ತೆರೆದಳು.
ಜರಡಿ ಹಿಡಿದೆವು, ಹಿಟ್ಟು ಬೆರೆಸಿದೆವು, ಸಿಪ್ಪೆ ಪುಡಿ ಬೆರೆಸಿದೆವು,
ಹಳೇ ಬೂಟ್ ಪಾಲಿಶ್ ಡಬ್ಬಿಗೆ ತುಂಬಿದೆವು
(ಮೂರು ಸಲ ತೊಳೆದದ್ದು; ವಾಸನೆ ಇಲ್ಲವೆಂದು
ಅವಳೇ ಹೇಳಬೇಕಾಯಿತು).
ಮಲಗಿದ ಮೇಲೆ ಅವಳ ಕುತ್ತಿಗೆಗೆ ಮುಖವಿಟ್ಟು
ಉಸಿರೆಳೆದೆ, ಇನ್ನೊಮ್ಮೆ ಎಳೆದೆ.
ಅಂಟು. ಬರೀ ಅಂಟು.
ಹಾಲಿನ ವಾಸನೆ ಯಾವ ದಿನ ಹೋಯಿತೋ,
ಬೆವರು ಯಾವ ದಿನ ಬಂತೋ,
ನನಗೆ ಯಾರೂ ಹೇಳಿಕಳಿಸಲಿಲ್ಲ.

ಬೆಳಗ್ಗೆ ಸಮವಸ್ತ್ರದ ತೋಳಡಿಯಲ್ಲಿ
ಒಂದಿಷ್ಟು ಬಿಳಿ ಧೂಳು. ಒರೆಸಲು ಹೋದೆ,
ಬೇಡವೆಂದಳು, ಹೊತ್ತಾಯಿತೆಂದಳು.
ಜೀಪ್ನಿ ತುಂಬಿತ್ತು, ಮೊಣಕಾಲಿಗೆ ಮೊಣಕಾಲು.
ಬಗ್ಗಿ ಹತ್ತಿ, ಗಾಡಿ ಕುಲುಕಿದಾಗ
ಕೈ ಎತ್ತಿ
ತಲೆಯ ಮೇಲಿನ ಕಂಬಿ ಹಿಡಿದಳು.