ಹದಿನೇಳನೇ ಕಂತು

ಅರಸೀಕೆರೆಯಲ್ಲಿ ಸೀರಿಯಲ್ ತೆಗೆಯೋದಂದರೆ
ಮೊದಲು ರೈಲಿನ ವೇಳಾಪಟ್ಟಿ ಬಾಯಿಪಾಠ ಆಗಬೇಕು.
ಸೊಸೆ ಗಂಟಲು ಬಿಗಿದು "ಅತ್ತೆಮ್ಮಾ" ಅನ್ನುವಷ್ಟರಲ್ಲಿ
ಹುಬ್ಬಳ್ಳಿ ಕಡೆಯ ಗೂಡ್ಸು. ಐವತ್ತೆಂಟು ಡಬ್ಬಿ.
ಎಣಿಸುತ್ತ ನಿಲ್ಲುತ್ತಿದ್ದೆವು, ಅವಳ ಕಣ್ಣೀರು ಒಣಗುವವರೆಗೆ.
ಮತ್ತೆ ಗ್ಲಿಸರಿನ್. ಅದೂ ಬಾಟಲಿಯ ತಳ.

ಮದುವೆ ವಿಡಿಯೊ ತೆಗೆಯುವ ಜಬೀವುಲ್ಲಾನ ಕ್ಯಾಮೆರಾ.
ಆಷಾಢಕ್ಕೆ ಖಾಲಿ ಬಿದ್ದ ಛತ್ರ:
ಅದೇ ಮನೆ, ಅದೇ ಆಸ್ಪತ್ರೆ,
ಹಸಿರು ಬಟ್ಟೆ ಇಳಿಬಿಟ್ಟರೆ ಕೋರ್ಟು.
ಅತ್ತೆ, ಅಂಗನವಾಡಿಯ ಗಂಗಾಂಬಿಕೆ,
ಸಂಜೆ ನಾಲ್ಕರ ಮೇಲೆ ಮಾತ್ರ ದುಷ್ಟೆ.
ಸೀರೆ ಅಂಗಡಿಯಿಂದ ಕಡ ತಂದದ್ದು, ಚೀಟಿ ಕೀಳುವಂತಿಲ್ಲ,
ಸೆರಗಿನೊಳಗೆ ಮಡಚಿಕೊಂಡೇ ಬೈಯಬೇಕು.
ಮಾತು ಬರೆದವನು ನಾನು. ಹಗಲು ಕೊಬ್ಬರಿ ಮಂಡಿಯ ಲೆಕ್ಕ.

ದೊಡ್ಡ ಚಾನೆಲ್ಲಿನಲ್ಲಿ ಅದೇ ಎಂಟೂವರೆಗೆ
ಎಲ್ಲಿಯದೋ ದೇಶದ ಸಮುದ್ರದಂಡೆಯ ಬಂಗಲೆ,
ನೀಲಿ ಕಣ್ಣಿನ ಗಂಡಸು,
ತುಟಿ ಒಂದು ಕಡೆ, ಕನ್ನಡ ಇನ್ನೊಂದು ಕಡೆ:
"ನನ್ನನ್ನು ಕ್ಷಮಿಸಿಬಿಡು ಪ್ರಿಯೆ."
ನಮ್ಮಲ್ಲಿ ಒಂದೇ ಟ್ಯೂಬ್‌ಲೈಟು, ಅದರ ಸುತ್ತ ಹುಳ.
ಆದರೂ ಸ್ಟೇಷನ್ ಹಿಂದಿನ ಮನೆಗಳಲ್ಲಿ ಓಡುತ್ತಿದ್ದದ್ದು ನಮ್ಮದೇ.
ಕತೆಗಲ್ಲ.
"ಅಗೋ, ನಮ್ ಗೇಟು ಕಾಣ್ತು ಕಣೇ!
ಹಿಂದ್ಗಡೆ ಒಣಗಾಕಿರೋದು ನನ್ ಲಂಗ!"

ಎಂಟನೇ ಕಂತಿಗೆ ಸತ್ತ ಮಾವ ಬೇಕಿತ್ತು.
ಫೋಟೋ ಸಿಗದೆ, ಗಟ್ಟಿಮುಟ್ಟಾಗಿ ಬದುಕಿದ್ದ
ಷಡಕ್ಷರಿ ಮೇಷ್ಟ್ರ ಸನ್ಮಾನದ ಪಟಕ್ಕೆ
ಹಾರ ಹಾಕಿ ಊದುಬತ್ತಿ ಹಚ್ಚಿದೆವು.
ಮರುದಿನ ಬೆಳಿಗ್ಗೆ ಛತ್ರದ ಬಾಗಿಲಲ್ಲಿ ಅವರು, ಕೊಡೆ ಸಮೇತ.
ಬೈಗುಳಕ್ಕೆ ತಲೆ ತಗ್ಗಿಸಿ ನಿಂತೆವು.
"ಚೆಂಡುಹೂವಾ?" ಎಂದರು.
"ಮಲ್ಲಿಗೆ ಹಾಕಬಾರದಿತ್ತಾ?"
ಆಮೇಲೆ ಕುರ್ಚಿ ಎಳೆದುಕೊಂಡು, ದನಿ ತಗ್ಗಿಸಿ:
"ಸತ್ತವನು ಕನಸಲ್ಲಿ ಬಂದು
ಎರಡು ಮಾತು ಆಡಬಹುದಲ್ಲ?"

ಎರಡಲ್ಲ, ಒಂದೂವರೆ ಪುಟ ಆಡಿದರು. ಒಂದೇ ಟೇಕು.
ರೈಲೂ ಬರಲಿಲ್ಲ ಅವತ್ತು.

ಹದಿನೇಳರ ಅರ್ಧಕ್ಕೆ ಪಾತ್ರೆ ಅಂಗಡಿಯವರು ಜಾಹೀರಾತು ನಿಲ್ಲಿಸಿದರು.
ಸೊಸೆಗೆ ತಿಪಟೂರಿನಲ್ಲಿ ನರ್ಸ್ ಕೆಲಸ ಸಿಕ್ಕಿತು, ಒಳ್ಳೆಯದೇ ಆಯಿತು.
ಸೀರೆ ವಾಪಸು ಕೊಟ್ಟೆವು, ಅರಿಶಿನದ ಕಲೆಗೆ ದಂಡ ತೆತ್ತು.

ಈಗಲೂ ಮಂಡಿಯಲ್ಲಿ ತೂಕದ ನಡುವೆ ಯಾರಾದರೂ ಕೇಳುತ್ತಾರೆ:
"ಅವ್ಳು ಬಾಗ್ಲು ತೆಗುದ್ಲಾ ಇಲ್ವಾ, ಸ್ವಾಮಿ?"
ಏನೋ ಬರೆದಿದ್ದೆ. ಹಾಳೆ ಕೊಬ್ಬರಿ ಜಿಡ್ಡಿಗೆ
ಆಚೆ ಈಚೆ ಎರಡೂ ಕಾಣುವಂತಾಗಿದೆ.
ಜಬೀವುಲ್ಲಾನ ಡಿಸ್ಕಿನಲ್ಲಿ ಅವಳು ಇನ್ನೂ
ಚಿಲಕದ ಮೇಲೆ ಕೈ ಇಟ್ಟು, ತಲೆ ಓರೆ ಮಾಡಿ,
ಗೂಡ್ಸು ದಾಟಲಿ ಎಂದು ಕಾಯುತ್ತಿದ್ದಾಳೆ.