ಮಾನ್ವಿ ಅನ್ನಲು ಬಾಯಿ ತೆರೆಯಬೇಕು

ರಾಯಚೂರಿನ ಬಸ್‌ಸ್ಟ್ಯಾಂಡ್ ಹೊರಗೆ
ಕ್ರೂಸರಿಗೆ ಜನ ಕೂಗುವ ತಾಯಪ್ಪ
ಟವೆಲಿನಲ್ಲಿ ದವಡೆ ಕಟ್ಟಿಕೊಂಡು ಬಂದ.
'ಹೆಂಗಾತು?'
'ಬಿದ್ನಿರಿ.'
ಜೊತೆಗೆ ಬಂದ ಹುಸೇನಪ್ಪ
ಬಲಗೈ ಜೇಬಿನಿಂದ ತೆಗೆಯಲಿಲ್ಲ.

ಕಚ್ಚು ಅಂದೆ.
'ಹಲ್ಲು ಮೊದ್ಲಿನಂಗ ಕುಂದ್ರವಲ್ವು ಸರ.'
ಇದಕ್ಕಿಂತ ದೊಡ್ಡ ಪರೀಕ್ಷೆ ನನಗೆ ಗೊತ್ತಿಲ್ಲ:
ಹಲ್ಲಿಗೆ ಹಲ್ಲು ಎಲ್ಲಿ ತಾಗಬೇಕೆಂದು
ಬಾಯಿಗೆ ನೆನಪಿರುತ್ತದೆ, ಕೂದಲೆಳೆಯಷ್ಟು ತಪ್ಪಿದರೂ.

ಕೆಳದವಡೆ ಬಳೆಯಂಥದು.
ಒಂದು ಬಿರುಕು ಕಂಡರೆ ಇನ್ನೊಂದು ಹುಡುಕು.
ಫಿಲಂ ಬೆಳಕಿಗೆ ಹಿಡಿದೆ:
ಎಡಕ್ಕೆ, ದವಡೆ ಕಿವಿಯತ್ತ ತಿರುಗುವ ಮೂಲೆಯಲ್ಲಿ,
ಅಡ್ಡ ಮಲಗಿದ ಬುದ್ಧಿಹಲ್ಲಿನ ನೇರಕ್ಕೇ ಒಂದು.
ಬಲಕ್ಕೆ, ಕೋರೆಹಲ್ಲಿನ ಬುಡದಲ್ಲಿ ಇನ್ನೊಂದು.

ಬಿದ್ದವರ ಗದ್ದ ನೆಲಕ್ಕೆ ಬಡಿಯುತ್ತದೆ,
ಪೆಟ್ಟು ಮೇಲೇರಿ ಕಿವಿ ಮುಂದಿನ ಕೀಲು ಮುರಿಯುತ್ತದೆ.
ಇವನ ಕೀಲೆರಡೂ ಸರಿಯಿದ್ದವು.
ಎಡಮೂಲೆ ಹೆಚ್ಚಾಗಿ ಮುರಿಯುವುದು
ಎದುರು ನಿಂತವನ ಬಲಗೈಗೆ.
ಕಾರಣ ಎಂಬಲ್ಲಿ ಅವನು ಹೇಳಿದ್ದನ್ನೇ ಬರೆದೆ.

ಮುರಿತದಲ್ಲೂ ಅನುಕೂಲ, ಪ್ರತಿಕೂಲ ಅಂತಿದೆ.
ಸೀಳು ಒಂದು ಓರೆಗಿದ್ದರೆ
ಸ್ನಾಯುಗಳ ಎಳೆತವೇ ತುಂಡುಗಳನ್ನು ಅದುಮಿ ಹಿಡಿಯುತ್ತದೆ,
ಇನ್ನೊಂದು ಓರೆಗಿದ್ದರೆ
ಅದೇ ಎಳೆತ, ಅಗಲಿಸುತ್ತದೆ.
ತಾಯಪ್ಪನದು ಎರಡನೆಯದು.
ಬುದ್ಧಿಹಲ್ಲು ಕಿತ್ತು, ಪ್ಲೇಟಿಟ್ಟು, ತಿರುಪು ಹಾಕಿ
ಮೇಲಿನ ಹಲ್ಲಿಗೆ ಕೆಳಗಿನ ಹಲ್ಲು ತಂತಿಯಿಂದ ಬಿಗಿದೆವು, ನಾಲ್ಕು ವಾರಕ್ಕೆ.
ವಾಂತಿ ಬಂದರೆ ತಂತಿ ತುಂಡರಿಸಲು ಒಂದು ಕಟರು;
ಅದನ್ನು ಹುಸೇನಪ್ಪನ ಕೈಗೇ ಕೊಟ್ಟೆ.
ಜೇಬಿನಿಂದ ಕೈ ಬಂತು.
ಗೆಣ್ಣುಗಳ ಮೇಲೆ ಹಕ್ಕಳೆ.

ದಿನಾ ಅವನೇ ನವಣಿ ಗಂಜಿ ತಂದ, ಅರಿವೆಯಲ್ಲಿ ಸೋಸಿ,
ಸಿರಿಂಜಿನಿಂದ ಕೆನ್ನೆಯ ಸಂದಿಗೆ ಹನಿಸಿದ.
ಹತ್ತು ರೂಪಾಯಿ ಕಮಿಷನ್ನಿನ ಜಗಳವಂತೆ,
ನರ್ಸ್ ರೇಣುಕಮ್ಮ ಹೇಳಿದಳು. ನಾನು ಕೇಳಿರಲಿಲ್ಲ.

ಹಲ್ಲು ಕಟ್ಟಿದರೂ ತಾಯಪ್ಪ ಸುಮ್ಮನಿರಲಿಲ್ಲ.
'ಸಿಂಧನೂರ' ಬರುತ್ತಿತ್ತು, ಸ್ವಲ್ಪ ಸೀಟಿ ಬೆರೆಸಿಕೊಂಡು.
ಲಿಂಗಸೂರಿಗೂ ಅಡ್ಡಿಯಿಲ್ಲ.
ಮಾನ್ವಿ ಮಾತ್ರ ಮೀನ್ವಿ.
ಅವನ ಹೆಸರು ಅವನ ಬಾಯಲ್ಲೇ ತೀಯಪ್ಪ.
ವಾರ್ಡೆಲ್ಲ ನಗುತ್ತಿತ್ತು; ಪಾಪ, ಅವನಿಗೆ ನಗಲೂ ಬಾರದು.

ತಂತಿ ಬಿಚ್ಚಿದ ದಿನ ಒಂದೇ ಬೆರಳಿನಷ್ಟು ತೆರೆಯಿತು.
ಮೂರು ಬೆರಳು ಹಿಡಿಸುವ ತನಕ
ಐಸ್‌ಕ್ರೀಂ ಕಡ್ಡಿ ತುರುಕು, ದಿನಕ್ಕೊಂದು ಹೆಚ್ಚು, ಅಂದೆ.

ಮೊನ್ನೆ ಸಂಜೆ ಆ ಕಡೆ ಹಾಯುವಾಗ
ಧೂಳಿನೊಳಗಿಂದ ಕೇಳಿತು:
ಮಾನ್ವಿ, ಮಾನ್ವಿ, ಮಾ...ನ್ವಿ!
ಗಾಡಿ ನಿಲ್ಲಿಸಿದೆ. ಇಬ್ಬರೂ ಚಹಾದಂಗಡಿಯಲ್ಲಿ.
ಕೆಳತುಟಿಯ ಎಡಭಾಗ ಇನ್ನೂ ಜೋಮು,
ಚಹಾ ಸೋರಿದ್ದು ತಾಯಪ್ಪನಿಗೆ ತಿಳಿಯುವುದಿಲ್ಲ.
ಹುಸೇನಪ್ಪ ಮಾತಾಡದೆ
ತನ್ನ ಗದ್ದ ಮುಟ್ಟಿ ತೋರಿಸುತ್ತಾನೆ,
ಇವನು ಒರೆಸಿಕೊಳ್ಳುತ್ತಾನೆ.