ಏಳಕ್ಕೆ ಇನ್ನೊಂದು ಹೆಸರು

ಎಡಗಿವಿ ಮಂದವಾಯಿತೆಂದು ತೋರಿಸಲು ಹೋಗಿದ್ದೆ
ಒಂಟಿಕೊಪ್ಪಲಿನ ಕ್ಲಿನಿಕ್ಕಿಗೆ. ಟೋಕನ್ ಹನ್ನೊಂದು.
ಬೆಂಚಿನ ಮೇಲೆ ಪಕ್ಕದಲ್ಲಿ ಕೈಚೀಲ,
ಅದರಲ್ಲಿ ಕರಿಬೇವು, ಅರ್ಧ ಕೇಜಿ ಈರನಗೆರೆ ಬದನೆ.

ಇಪ್ಪತ್ತಾರು ವರ್ಷ ಆ ಕಿವಿಗೆ
ಕಪ್ಪು ಬಟ್ಟಲೊಂದನ್ನು ಕವುಚಿಕೊಂಡು ಕೂತಿದ್ದೆ.
ಎಲ್ಲಿ ಎಂದು ಹೇಳುವಂತಿಲ್ಲ,
ಚಳಿಯಿತ್ತು ಅಂತ ಬೇಕಾದರೆ ಹೇಳಬಹುದು.
ಮನೆಯಲ್ಲಿ ಕೇಳಿದರೆ: ತಂತಿ ಇಲಾಖೆ.
ಅಮ್ಮ ಸಾಯುವತನಕ ನಂಬಿದ್ದಳು
ಮಗಳು ಯಾರದೋ ಸಾವು, ಯಾರದೋ ಮದುವೆ
ಟಕಟಕ ಕುಟ್ಟಿ ಕಳಿಸುತ್ತಾಳೆಂದು.

ಬೆಟ್ಟದಾಚೆಯ ಮಾತು ಬರುತ್ತಿತ್ತು
ಒಗ್ಗರಣೆ ಸಿಡಿದಂಥ ಸದ್ದಿನ ನಡುವೆ.
ಸ್ವರ ಏರಿದರೆ ಒಂದರ್ಥ, ಇಳಿದರೆ ಇನ್ನೊಂದು.
ವೀಣೆ ಕಲಿತ ಮೈಸೂರಿನವಳು ಬೇಗ ಹಿಡೀತಾಳೆ
ಅಂದಿದ್ದರು ಕಲಿಸಿದ ಮೇಷ್ಟ್ರು.
ಆ ಕಡೆಯ ಸಿಪಾಯಿಗಳು ಏಳನ್ನು ಏಳೆನ್ನುವುದಿಲ್ಲ.
ಗದ್ದಲದಲ್ಲಿ ಏಳು ಒಂದಾಗಿ ಕೇಳಿದರೆ
ಹೆಣ ಬಿದ್ದೀತು ಎಂಬ ಎಚ್ಚರ.
ಹಾಗಾಗಿ ಒಂದಕ್ಕೆ ಯಾವ್, ಏಳಕ್ಕೆ ಗ್ವಾಯ್, ಸೊನ್ನೆಗೆ ದೋಂಗ್.
ಗ್ವಾಯ್ ಎಂದರೆ ಊರುಗೋಲು. ದೋಂಗ್ ಎಂದರೆ ತೂತು.

ರಾತ್ರಿ ಪಾಳಿಯ ಒಬ್ಬ ಕೆಮ್ಮುತ್ತಿದ್ದ.
ಕೆಮ್ಮಣ್ಣ ಎಂದು ಹೆಸರಿಟ್ಟೆ.
ಕೆಮ್ಮು ವರದಿಯಲ್ಲಿ ಬರೆಯುವಂಥದ್ದಲ್ಲ.
ಒಂದು ಮಾಘದಲ್ಲಿ ಒಂಬತ್ತು ದಿನ ಅವನಿಲ್ಲ.
ನನಗೆ ಅನ್ನ ಸೇರಲಿಲ್ಲ. ಅದನ್ನೂ ಬರೆಯಲಿಲ್ಲ.

ಒಳಗೆ ಡಾಕ್ಟರ ಮುಂದೆ ಒಬ್ಬ ಹುಡುಗಿ,
ಗೋಕುಲಂಗೆ ಯೋಗ ಕಲಿಯಲು ಬಂದವಳು,
ಹೊಟ್ಟೆ ಹಿಡಿದು ಮಡಚಿಕೊಂಡಿದ್ದಳು, ಯಾವ ಆಸನವೂ ಅಲ್ಲದ ಹಾಗೆ.
ಅವಳು ಫೋನಿಗೆ ಹೇಳಿದಳು, ಫೋನು ಡಾಕ್ಟರಿಗೆ ಹೇಳಿತು
ವಾರ್ತೆ ಓದುವವರ ಅಚ್ಚುಕಟ್ಟು ದನಿಯಲ್ಲಿ:
"ಅಸಹ್ಯ. ಬೆಳಗಿನಿಂದ ಬಹಳ ಅಸಹ್ಯ."
ಡಾಕ್ಟರ್ ಮಹದೇವಪ್ರಸಾದರ ಮುಖ ಸಣ್ಣದಾಯಿತು.

ಬಾಗಿಲು ತೆರೆದೇ ಇತ್ತು. ಉಳಿದ ಒಂದು ಕಿವಿ ಸಾಕಾಯಿತು.
"ಅಸಹ್ಯ ಅಲ್ಲ ಡಾಕ್ಟ್ರೇ, ಓಕರಿಕೆ.
ಅವರಲ್ಲಿ ಎರಡಕ್ಕೂ ಒಂದೇ ಮಾತು.
ನಮ್ಮಲ್ಲೂ ಕೆಲವರನ್ನ ಕಂಡರೆ ಓಕರಿಕೆ ಬರೋಲ್ವೆ?"

"ನಿಮಗೆ ಬರುತ್ತಾ ಅಮ್ಮ? ಬನ್ನಿ, ಬನ್ನಿ.
ಎಷ್ಟು ಹೊತ್ತಿನಿಂದ ಅಂತ ಕೇಳಿ."

ಕೇಳಿ.
ನಮ್ಮ ಭಾಷೆಯಲ್ಲಿ ಕೇಳುವುದು ಎರಡು ಕೆಲಸ.
ಇಪ್ಪತ್ತಾರು ವರ್ಷ ನಾನು ಒಂದನ್ನೇ ಮಾಡಿದ್ದೆ.
ಆ ಮಾತಿನ ಒಬ್ಬ ಮನುಷ್ಯನನ್ನೂ
ಊಟ ಆಯ್ತಾ ಎಂದು ಕೇಳಿದವಳಲ್ಲ.
(ಅವರೂ ಅದನ್ನೇ ಕೇಳುತ್ತಾರೆ, ದಾರಿಯಲ್ಲಿ ಸಿಕ್ಕರೆ.)

ಬಾಯಿ ತೆರೆದೆ. ಮೊದಲು ಬರೀ ಗಾಳಿ.
ಆಮೇಲೆ, ತುಕ್ಕು ಹಿಡಿದ ಕೊಳಾಯಿ ಕಕ್ಕಿದ ಹಾಗೆ,
"ಗ್ವಾಯ್ ಗಂಟೆಯಿಂದಲೇ?" ಅಂದುಬಿಟ್ಟೆ.

ನಮ್ಮ ಏಳು ಕೇಳಿದವಳಂತೆ
ಹುಡುಗಿ ನೆಟ್ಟಗೆ ಎದ್ದು ಕೂತಳು.
ಅವಳು ಅಂದ ಒಂದು ಮಾತನ್ನು ಡಾಕ್ಟರಿಗೆ ದಾಟಿಸಲಿಲ್ಲ:
"ಅಜ್ಜೀ, ನಮ್ಮ ತಾತ ಹೀಗೆ ಎಣಿಸುತ್ತಿದ್ದ."
ದಾಟಿಸಿದ್ದಿಷ್ಟು: ಏಳರಿಂದ. ಎರಡು ಸಲ ವಾಂತಿ.
ನಿನ್ನೆ ಸಂಜೆ ಪಾನಿಪೂರಿ, ಎರಡು ಪ್ಲೇಟು.

ತಾತ ಕೆಮ್ಮುತ್ತಿದ್ದರೇ ಎಂದು ಕೇಳಬಹುದಿತ್ತು.
ಮಾತು ಗಂಟಲಿಗೆ ಬಂದು, ಸ್ವರ ಏರಿಸಲೋ ಇಳಿಸಲೋ ತಿಳಿಯದೆ,
ಹಿಂದಕ್ಕೆ ಹೋಯಿತು.
ತಾತಂದಿರೆಲ್ಲ ಕೆಮ್ಮುತ್ತಾರೆ.
ಎಲ್ಲ ದೇಶದಲ್ಲೂ, ಚಳಿಗಾಲದಲ್ಲಿ.

ಇಂಜೆಕ್ಷನ್ ಕೊಟ್ಟು ಬಂದ ಸಿಸ್ಟರ್ ಲಿಲ್ಲಿಕುಟ್ಟಿ
ರಿಜಿಸ್ಟರ್ ಚಾಚಿದಳು, ಮಲಯಾಳ ಬೆರೆಸಿದ ಕನ್ನಡದಲ್ಲಿ:
"ಮಾತು ತಿರುಗಿಸಿದವರ ಪೇರು ಬರೀರಿ."
ಪೆನ್ನಿನ ತುದಿಗೆ ಬಂದದ್ದು ಮೂರಂಕಿಯ ಒಂದು ಸಂಖ್ಯೆ,
ಅಷ್ಟು ವರ್ಷ ಪ್ರತಿ ಹಾಳೆಯ ಕೆಳಗೆ ನಾನಾಗಿದ್ದದ್ದು.
ತಡೆದು ಬರೆದೆ, ಕನ್ನಡದಲ್ಲಿ:
ನಂಜಮ್ಮಣ್ಣಿ. ನಿವೃತ್ತ. ತಂತಿ ಇಲಾಖೆ.

ಹೊರಗೆ ಬಂದು ಬೆಂಚಿನ ಮೇಲೆ ಕೂತೆ.
ಹೋಗುವಾಗ ಹುಡುಗಿ ಎಡಗಡೆಯಿಂದ ಬಗ್ಗಿ
ಏನೋ ಹೇಳಿದಳು. ನಕ್ಕೆ.
ಆಮೇಲೆ ಟೋಕನ್ ಹನ್ನೊಂದನ್ನು
ಮೂರು ಸಲ ಕೂಗಿದರಂತೆ.